ಯೂಲಿಗೆ ಏನು ಸೇರುತ್ತಿತ್ತು?

ನಮ್ಮ ಮನೆಯ ಕರಿಬೇವಿನ ಗಿಡವನ್ನು ಅದರ ಆಸರೆಯ ಕೋಲಿಗೆ ಬಿಗಿದಿರುವುದು ಒಂದು ನೀಲಿ ಪಟ್ಟಿ. ಮೊನ್ನೆ ಹಿಮ ಬೀಳಬಹುದು ಎಂದು ಟೀವಿಯವರು ಹೆದರಿಸಿದ್ದರಿಂದ ಕುಂಡವನ್ನು ಉಸ್ಸಪ್ಪಾ ಎಂದು ಒಳಗೆ ಎಳೆದು ತರುವಾಗ ಅದು ಕಣ್ಣಿಗೆ ಬಿತ್ತು. ಟೆಕ್ಸಸ್ಸಿನಲ್ಲಿ ನಮ್ಮ ಜನರ ಮನೆಯ ಕರಿಬೇವಿಗೆ ಆಗುವ ಆರೈಕೆ ಬಾಣಂತಿಗೂ ಆಗುವುದಿಲ್ಲ. ಬೇಸಿಗೆಯಲ್ಲಿ ನೆರಳು, ಚಳಿಗಾಲದಲ್ಲಿ ಕಿಟಕಿಯ ಪಕ್ಕದ ಬಿಸಿಲು, ನಾವು ಊರಿಗೆ ಹೋದರೆ ಅದಕ್ಕೆ ನೀರು ಹಾಕಲೆಂದೇ ಪಕ್ಕದ ಮನೆಯವರಿಗೆ ಒಂದು ಕೀಲಿಕೈ. ಇರಲಿ, ನಾನು ಹೇಳಹೊರಟಿದ್ದು ಪಟ್ಟಿಯ ವಿಷಯ.

ಅದು ಕೊರಳಿಗೆ ಹೆಸರಿನ ಬಿಲ್ಲೆ ತೂಗುಹಾಕಿಕೊಳ್ಳಲೆಂದು ಒಂದು ಪ್ರವಾಸದಲ್ಲಿ ಕೊಟ್ಟ ಪಟ್ಟಿ. ಬಿಲ್ಲೆ ಎಲ್ಲಿ ಹೋಯಿತೋ ಗೊತ್ತಿಲ್ಲ. ಪಟ್ಟಿಯನ್ನು ಬಿಸಾಡದೆ ಎತ್ತಿಟ್ಟವರು ನನ್ನ ಅತ್ತೆ, ಅಂದರೆ ನಮ್ಮವರ ತಾಯಿ. ಅವರು ಗದಗಿನಿಂದ ಆರು ತಿಂಗಳಿಗೆಂದು ಬಂದಾಗಲೆಲ್ಲ ನಮ್ಮ ಮನೆಯ ಕಸದ ಬುಟ್ಟಿಗೆ ಕೆಲಸ ಕಡಿಮೆ. ಮೊಸರಿನ ಡಬ್ಬಿ, ಬ್ರೆಡ್ಡಿನ ಚೀಲ, ಉಡುಗೊರೆಗೆ ಸುತ್ತಿದ ದಾರ, ಎಲ್ಲದಕ್ಕೂ ಅವರು ಇನ್ನೊಂದು ಜನ್ಮ ಕೊಡುತ್ತಾರೆ. ನಾನು ಮೊದಮೊದಲು ಗೊಣಗುತ್ತಿದ್ದೆ. ಈಗ ನನ್ನ ಫ್ರಿಜ್ಜಿನಲ್ಲಿ ಐಸ್‌ಕ್ರೀಮ್ ಡಬ್ಬಿ ತೆರೆದವರಿಗೆ ಐಸ್‌ಕ್ರೀಮ್ ಸಿಗುವುದಿಲ್ಲ, ಪುಳಿಯೋಗರೆ ಗೊಜ್ಜು ಸಿಗುತ್ತದೆ.

ನಾನು ಮೈಸೂರಿನವಳು. ಡಾಲಸ್ ಪಕ್ಕದ ಕ್ಯಾರಲ್ಟನ್ನಿನ ನಮ್ಮ ಮನೆಯಲ್ಲಿ ಹೀಗಾಗಿ ಎರಡು ಕನ್ನಡ ನಡೆಯುತ್ತವೆ, ಮಗಳು ಮೇಘನಾ ಎರಡನ್ನೂ ಕೇಳಿಸಿಕೊಂಡು ಇಂಗ್ಲಿಷಿನಲ್ಲಿ ಉತ್ತರ ಕೊಡುತ್ತಾಳೆ. ನನ್ನ ಆಫೀಸು ಆಗ ಫಾರ್ಮರ್ಸ್ ಬ್ರಾಂಚ್ ಎಂಬ ಪಕ್ಕದ ಊರಿನಲ್ಲಿತ್ತು. ಪಕ್ಕದ ಸೀಟಿನ ಬಾರ್ಬರಾ ತನಗೂ ತನ್ನ ತಾಯಿಗೂ ಒಂದು ಬಸ್ ಟೂರ್ ಬುಕ್ ಮಾಡಿದ್ದಳು. ಡಾಲಸ್, ಆಸ್ಟಿನ್, ಹ್ಯೂಸ್ಟನ್, ಭಾನುವಾರ ಹೊರಟರೆ ಮಂಗಳವಾರ ವಾಪಸ್. ಟೆಕ್ಸಸ್ಸಿಗೆ ಬಂದು ನೆಲೆಸಿದ ಯಹೂದಿಗಳ ಹಳೆಯ ಮಂದಿರಗಳು, ಸ್ಮಶಾನಗಳು, ಹಿಟ್ಲರನ ಕಾಲದಲ್ಲಿ ಯೂರೋಪಿನಲ್ಲಿ ಕೊಲೆಯಾದವರ ಸ್ಮಾರಕಗಳು, ಇವನ್ನು ತೋರಿಸುವ ಪ್ರವಾಸ ಅದು. ಹೊರಡುವ ಹೊತ್ತಿಗೆ ಬಾರ್ಬರಾಳ ತಾಯಿ ಬಚ್ಚಲಿನಲ್ಲಿ ಜಾರಿ ಕಾಲು ಮುರಿದುಕೊಂಡರು. "ನಿನ್ನ ಅತ್ತೆಗೆ ಪ್ರವಾಸ ಅಂದರೆ ಇಷ್ಟ ಅಂತಿದ್ದೆಯಲ್ಲ, ಕರೆದುಕೊಂಡು ಹೋಗು," ಎಂದು ಸೀಟುಗಳನ್ನು ನನಗೆ ದಾಟಿಸಿದಳು.

ಅತ್ತೆಗೆ ಪ್ರವಾಸವೆಂದರೆ ಪ್ರಾಣ, ನಿಜ. ಆದರೆ ಅವರ ಪ್ರವಾಸವೆಂದರೆ ಕಾಶಿ, ಶ್ರೀಶೈಲ, ರಾಮೇಶ್ವರ. ಎಲ್ಲಿಗೆ ಹೊರಟರೂ ಮೊದಲ ಪ್ರಶ್ನೆ ಒಂದೇ.

"ಅಲ್ಲಿ ಯಾವ ದೇವರು, ಸುಮಾ?"

"ದೇವರ ಟೂರ್ ಅಲ್ಲ ಅತ್ತೆ. ಸತ್ತವರ ನೆನಪಿಗೆ ಕಟ್ಟಿರೋ ಜಾಗಗಳು. ಬೇಜಾರಾಗತ್ತೆ ಅಂದ್ರೆ ಬೇಡ ಬಿಡಿ."

"ಬ್ಯಾಸರ ಯಾಕ? ಸತ್ತೋರ ಮನಿಗೆ ಹೋಗೂದಿದ್ರ ಬುತ್ತಿ ಜಾಸ್ತಿ ಕಟ್ಟಬೇಕು. ಅಳೋ ಮಂದಿಗೆ ಹಸಿವಿ ಬಾಳ," ಎಂದವರೇ ಜೋಳದ ಹಿಟ್ಟಿನ ಡಬ್ಬಿಗೆ ಕೈಹಾಕಿದರು. ಖಡಕ್ ರೊಟ್ಟಿ, ಶೇಂಗಾ ಚಟ್ನಿಪುಡಿ, ಗುರೆಳ್ಳು ಪುಡಿ, ಒಗ್ಗರಣೆ ಚುರುಮುರಿ. ನಮ್ಮ ಸೂಟ್‌ಕೇಸಿಗಿಂತ ಬುತ್ತಿಯ ಚೀಲ ಭಾರವಾಯಿತು. ಪ್ರವಾಸದವರು ಮೂರು ಹೊತ್ತೂ ಊಟ ಕೊಡುತ್ತಾರೆ ಎಂದು ನಾನು ಹೇಳಿದ್ದನ್ನು ಅವರು ನಂಬಲಿಲ್ಲ. ಬೇರೆಯವರ ಊಟವನ್ನು ನಂಬಿ ಮನೆ ಬಿಡುವುದು ಅವರ ಪ್ರಕಾರ ಹುಚ್ಚರ ಕೆಲಸ.

ಡಾಲಸ್ಸಿನಲ್ಲಿ ಬಸ್ ಹತ್ತಿದಾಗ ಕಂಡಿದ್ದು ಹೆಚ್ಚಾಗಿ ನರೆತ ತಲೆಗಳು. ಡ್ಯಾನ್ ಎಂಬ ಉತ್ಸಾಹಿ ಗೈಡು ಎಲ್ಲರ ಕೊರಳಿಗೂ ನೀಲಿ ಪಟ್ಟಿ ಹಾಕಿದ. ಅತ್ತೆ ಅದನ್ನು ಕೊರಳಿನ ಸರಕ್ಕೆ ಸಿಕ್ಕಿಕೊಳ್ಳದಂತೆ ಜಾಗ್ರತೆಯಿಂದ ಸರಿಪಡಿಸಿಕೊಂಡರು. ಸೀರೆ ಉಟ್ಟವರು ಅವರೊಬ್ಬರೇ. ಮೊದಲ ಸೀಟಿನಲ್ಲಿ ಬಿಳಿ ಸ್ವೆಟರಿನ ಒಬ್ಬ ಮುದುಕಿ ನೆಟ್ಟಗೆ ಕೂತಿದ್ದರು. ಅವರೇ ಮಾರ್ತಾ. ಹಂಗೆರಿಯ ಒಂದು ಸಣ್ಣ ಊರಿನವರು, ಹುಡುಗಿಯಾಗಿದ್ದಾಗ ನಾತ್ಸಿಗಳ ಶಿಬಿರದಿಂದ ಬದುಕಿ ಬಂದವರು, ಈಗ ಡಾಲಸ್ಸಿನಲ್ಲಿ ಇರುವವರು. ಪ್ರವಾಸದಲ್ಲಿ ತಮ್ಮ ಕಥೆ ಹೇಳುವುದು ಅವರ ಪಾಲಿನ ಕೆಲಸ ಎಂದು ಡ್ಯಾನ್ ಪರಿಚಯ ಮಾಡಿಕೊಟ್ಟ.

ಅವರು ಆ ಕಥೆ ಹೇಳಿದ್ದು ಡಾಲಸ್ಸಿನ ಮ್ಯೂಸಿಯಮ್ಮಿನಲ್ಲಿ. ಅಪ್ಪನ ಬಟ್ಟೆ ಅಂಗಡಿ, ಒಂದು ಬೆಳಗ್ಗೆ ಬಂದ ಪೊಲೀಸರು, ದನ ಸಾಗಿಸುವ ರೈಲಿನ ಡಬ್ಬಿ, ಪೋಲೆಂಡಿನ ಒಂದು ಪ್ಲಾಟ್‌ಫಾರ್ಮು. ಕೆಲಸಕ್ಕೆ ಆಗುವಂಥ ಹುಡುಗಿಯರನ್ನು ಒಂದು ಕಡೆಗೆ, ತಾಯಂದಿರನ್ನೂ ಚಿಕ್ಕ ಮಕ್ಕಳನ್ನೂ ಇನ್ನೊಂದು ಕಡೆಗೆ ನಿಲ್ಲಿಸಿದರು. "ನನ್ನ ತಂಗಿ ಯೂಲಿಗೆ ಎಂಟು ವರ್ಷ. ಅಮ್ಮನ ಕೈ ಹಿಡಿದುಕೊಂಡಿದ್ದಳು. ಆಮೇಲೆ ನಾನು ಅವರನ್ನು ನೋಡಲಿಲ್ಲ," ಎಂದು ಮುಗಿಸಿದರು. ಒಂದು ಪದ ಹೆಚ್ಚಿಲ್ಲ, ಒಂದು ಪದ ಕಡಿಮೆಯಿಲ್ಲ. ಎಷ್ಟೋ ವರ್ಷ ಹೇಳಿ ಹೇಳಿ ಮಾತು ಹೊಳೆಯ ಕಲ್ಲಿನ ಹಾಗೆ ನುಣ್ಣಗಾಗಿತ್ತು.

ನಾನು ಅತ್ತೆಯ ಕಿವಿಯಲ್ಲಿ ಕನ್ನಡ ಮಾಡಿ ಪಿಸುಗುಡುತ್ತಿದ್ದೆ. ಅತ್ತೆಗೆ ಕಥೆ ಕೇಳುವಾಗ ಹೂಂಗುಟ್ಟುವ ರೂಢಿ. ಎಲ್ಲರೂ ಉಸಿರು ಬಿಗಿಹಿಡಿದು ನಿಂತಿರುವಾಗ ನಮ್ಮ ಮೂಲೆಯಿಂದ ಮಾತ್ರ ಹೂಂ, ಹೂಂ ಎಂದು ಕೇಳಿಸುತ್ತಿತ್ತು. ಕೊನೆಗೆ "ಆಮ್ಯಾಗ?" ಎಂದರು. "ಆಮೇಲೆ ಇಲ್ಲ ಅತ್ತೆ. ಅಷ್ಟೇ," ಎಂದೆ. ನಿಜ ಹೇಳಬೇಕೆಂದರೆ ನನಗೆ ಆಗ ಅಳು ಬರಲಿಲ್ಲ. ಅಲ್ಲಿ ಏಸಿ ಜೋರಾಗಿತ್ತು, ಶಾಲು ತರಬೇಕಿತ್ತು ಎನ್ನಿಸುತ್ತಿತ್ತು. ದೊಡ್ಡ ದೊಡ್ಡ ದುಃಖಗಳ ಮುಂದೆ ನಿಂತಾಗ ನನ್ನ ಬುದ್ಧಿ ಇಂಥ ಸಣ್ಣ ವಿಷಯಗಳ ಹಿಂದೆ ಹೋಗಿ ಅವಿತುಕೊಳ್ಳುತ್ತದೆ. ನನ್ನ ತಂದೆ ತೀರಿಕೊಂಡ ದಿನ ನಾನು ಬಂದವರ ಚಪ್ಪಲಿಗಳನ್ನು ಜೋಡಿಸುತ್ತಾ ಕೂತಿದ್ದೆನಂತೆ.

ಮಧ್ಯಾಹ್ನ ಬಸ್ಸು ಆಸ್ಟಿನ್ ಕಡೆ ಹೊರಟಿತು. ಹೆದ್ದಾರಿ ಸಿಕ್ಕಿದ್ದೇ ತಡ ಅತ್ತೆ ಬುತ್ತಿ ಬಿಚ್ಚಿದರು. ನಮ್ಮ ಕಡೆಯ ಬಸ್ಸಿನಲ್ಲಾದರೆ ಒಬ್ಬರು ಡಬ್ಬಿ ತೆರೆದರೆ ಹತ್ತು ಡಬ್ಬಿ ತೆರೆದುಕೊಳ್ಳುತ್ತವೆ. ಇಲ್ಲಿ ಎಲ್ಲರೂ ಕಿಟಕಿಯಾಚೆ ನೋಡಿದರು. ಅತ್ತೆ ಬಿಡುವ ಪೈಕಿಯಲ್ಲ. ತೂಗಾಡುತ್ತಾ ನಡೆದು ಸಾಲುಸಾಲಾಗಿ ರೊಟ್ಟಿ ಚೂರು ಹಂಚತೊಡಗಿದರು. ಕೆಲವರು ಎದೆಯ ಮೇಲೆ ಕೈಯಿಟ್ಟು ಬೇಡವೆಂದರು. ಅವರು ಧರ್ಮದ ಕಟ್ಟಳೆ ಮೀರದ ಅಡುಗೆಯನ್ನು ಮಾತ್ರ ತಿನ್ನುತ್ತಾರೆ, ಹಾಲಿನ ಪಾತ್ರೆಯೇ ಬೇರೆ, ಮಾಂಸದ ಪಾತ್ರೆಯೇ ಬೇರೆ ಇಡುತ್ತಾರೆ ಎಂದು ನಾನು ಮುಜುಗರದಿಂದ ವಿವರಿಸಿದೆ.

"ಅಯ್ಯ, ಮಡಿ ಅನ್ನು. ನಮ್ಮ ಓಣ್ಯಾಗ ಆಚಾರ್ರ ಮನ್ಯಾಗ ಹಿಂಗs ಇತ್ತು. ನಾವು ಕೊಟ್ಟಿದ್ದು ಮುಟ್ಟತಿದ್ದಿಲ್ಲ, ಆದ್ರ ಬಾಳ ಛಲೋ ಮಂದಿ," ಎಂದು ಅತ್ತೆ ಒಂದಿಷ್ಟೂ ಬೇಸರಪಟ್ಟುಕೊಳ್ಳದೆ ಮುಂದಿನ ಸೀಟಿಗೆ ನಡೆದರು.

ಮಾರ್ತಾ ಮಾತ್ರ ಎರಡೂ ಕೈ ಚಾಚಿ ರೊಟ್ಟಿ ತೆಗೆದುಕೊಂಡರು. "ನನಗೆ ಆ ಕಟ್ಟಳೆ ಎಲ್ಲ ಇಲ್ಲ. ಊಟ ಕೊಟ್ಟರೆ ನಾನು ಯಾವತ್ತೂ ಬೇಡ ಅನ್ನೋದಿಲ್ಲ," ಎಂದರು. ಚಟ್ನಿಪುಡಿಯ ಖಾರಕ್ಕೆ ಕಣ್ಣಲ್ಲಿ ನೀರು ಬಂದರೂ ಇನ್ನಷ್ಟು ಕೇಳಿದರು. ಆಸ್ಟಿನ್ ಬರುವಷ್ಟರಲ್ಲಿ ಅತ್ತೆ ಅವರ ಪಕ್ಕದ ಸೀಟಿನಲ್ಲೇ ಇದ್ದರು. ಒಬ್ಬರು ಗದಗಿನ ಕನ್ನಡ, ಇನ್ನೊಬ್ಬರು ಹಂಗೆರಿಯ ಎಳೆತವಿರುವ ಇಂಗ್ಲಿಷ್. ಏನು ಮಾತಾಡಿದರೋ, ಇಬ್ಬರೂ ಮಂಡಿ ಮುಟ್ಟಿ ತೋರಿಸಿಕೊಳ್ಳುತ್ತಿದ್ದುದನ್ನು ನೋಡಿದರೆ ವಿಷಯ ನೋವಿನ ಎಣ್ಣೆಯದೇ ಇರಬೇಕು.

ಇಲ್ಲಿ ಸ್ವಲ್ಪ ಅಡ್ಡದಾರಿ ಹಿಡಿಯುತ್ತೇನೆ. ನೀವು ನಮ್ಮ ಕಡೆಯವರಾದರೆ ಪಿತೃಪಕ್ಷದ ಎಡೆ ಗೊತ್ತೇ ಇರುತ್ತದೆ. ಮೈಸೂರಿನ ನಮ್ಮ ಮನೆಯಲ್ಲಿ ಆ ದಿನ ತೀರಿಕೊಂಡ ಒಬ್ಬೊಬ್ಬರಿಗೂ ಇಷ್ಟವಾದದ್ದನ್ನು ಮಾಡಿ ಎಲೆಯಲ್ಲಿ ಬಡಿಸಿ, ಬಾಗಿಲು ಮುಂದೆ ಮಾಡಿ, ಹಿರಿಯರು ಬಂದು ಉಣ್ಣಲಿ ಎಂದು ಹೊರಗೆ ಕಾಯುತ್ತಿದ್ದರು. ತಾತನಿಗೆ ನಶ್ಯದ ಡಬ್ಬಿ. ಬದುಕಿದ್ದಾಗ ಬಾಯಲ್ಲಿ ಒಂದು ಹಲ್ಲಿಲ್ಲದಿದ್ದರೂ ದೊಡ್ಡಜ್ಜಿಗೆ ಚಕ್ಕುಲಿ. ಸೋದರಮಾವನಿಗೆ ಹೋಟೆಲಿನ ಮಸಾಲೆ ದೋಸೆಯೇ ಆಗಬೇಕು, ಮನೆಯದನ್ನು ಅವನು ಬದುಕಿದ್ದಾಗಲೇ ಮುಟ್ಟುತ್ತಿರಲಿಲ್ಲ. ನಾನು ಬಾಗಿಲ ಸಂದಿನಿಂದ ಅಜ್ಜಿಯ ಕಾಫಿ ಲೋಟವನ್ನೇ ದಿಟ್ಟಿಸುತ್ತಿದ್ದೆ. ಒಂದು ವರ್ಷ ಕಾಫಿ ಕೂದಲೆಳೆಯಷ್ಟು ಇಳಿದಂತೆ ಕಂಡು "ಕುಡಿದ್ಲು! ಅಜ್ಜಿ ಕುಡಿದ್ಲು!" ಎಂದು ಕಿರುಚಿ, ಅಮ್ಮನಿಂದ ತಲೆಗೆ ಮೊಟಕಿಸಿಕೊಂಡಿದ್ದೇನೆ. ಗದಗಿನಲ್ಲೂ ಇದೇ ಪದ್ಧತಿ. ಅವರು ಅದನ್ನು ಹಿರೇರ ಹಬ್ಬ ಎನ್ನುತ್ತಾರೆ, ಎಡೆಯನ್ನು ಎಡಿ ಎನ್ನುತ್ತಾರೆ. ಯಾರಿಗೆ ಏನು ಸೇರುತ್ತಿತ್ತು ಎನ್ನುವುದು ಅತ್ತೆಗೆ ತಲೆಮಾರುಗಳ ತನಕ ಬಾಯಿಪಾಠ. ನಮ್ಮ ಮದುವೆಯಾದ ಹೊಸತರಲ್ಲಿ ಅವರು ನನಗೆ ಮನೆತನದ ಚರಿತ್ರೆ ಹೇಳಿಕೊಟ್ಟಿದ್ದೇ ಹಾಗೆ. ಯಾರು ಏನು ಓದಿದ್ದರು, ಎಷ್ಟು ಹೊಲ ಮಾಡಿದ್ದರು ಎಂದಲ್ಲ, ಯಾರಿಗೆ ಮಾದಲಿ, ಯಾರಿಗೆ ಬದನೆಕಾಯಿ ಎಣ್ಣೆಗಾಯಿ ಎಂದು.

ಆಸ್ಟಿನ್ನಿನಲ್ಲಿ ಸಂಜೆ ನಮ್ಮನ್ನು ಒಂದು ಹಳೆಯ ಸ್ಮಶಾನಕ್ಕೆ ಕರೆದುಕೊಂಡು ಹೋದರು. ದೂರದ ದೇಶದಿಂದ ಹಡಗಿನಲ್ಲಿ ಬಂದು, ಬೆನ್ನ ಮೇಲೆ ಬಟ್ಟೆಯ ಗಂಟು ಹೊತ್ತು ಊರೂರು ತಿರುಗಿ ಮಾರಿ, ಆಮೇಲೆ ಅಂಗಡಿ ಇಟ್ಟ ಯಹೂದಿಗಳ ಗೋರಿಗಳು. ಹೂವಿಲ್ಲ, ಗೋರಿಯ ಮೇಲೆ ಪುಟ್ಟ ಪುಟ್ಟ ಕಲ್ಲುಗಳನ್ನು ಇಟ್ಟಿದ್ದರು. ಬಂದವರು ಬಂದ ಗುರುತಿಗೆ ಕಲ್ಲಿಡುತ್ತಾರೆ ಎಂದು ಡ್ಯಾನ್ ಹೇಳಿದ. ಇನ್ನು ಕೆಲವೇ ದಿನಗಳಲ್ಲಿ, ಅಮಾವಾಸ್ಯೆ ಕಳೆದರೆ ಅವರ ಹೊಸ ವರ್ಷವಂತೆ. ಅದಕ್ಕೆ ಮುಂಚಿನ ಈ ತಿಂಗಳಲ್ಲಿ ತಮ್ಮ ತಮ್ಮ ಹಿರಿಯರ ಗೋರಿಗಳಿಗೆ ಹೋಗಿ ಬರುವ ವಾಡಿಕೆಯಂತೆ.

ಇದನ್ನು ಕನ್ನಡದಲ್ಲಿ ಹೇಳಿದ ಕೂಡಲೇ ಅತ್ತೆಯ ಮುಖ ಅರಳಿತು. "ಅಂದ್ರ ಪಕ್ಷಮಾಸ! ನಮ್ಮ ಹಿರೇರ ಅಮಾಸಿನೂ ಅವತ್ತs ಅಲ್ಲ?" ಎಂದರು. ಒಂದು ಕ್ಷಣ ಯೋಚಿಸಿ, ಪಕ್ಕದಲ್ಲಿ ಕೋಲೂರಿ ನಿಂತಿದ್ದ ಮಾರ್ತಾರ ತೋಳು ಮುಟ್ಟಿ ನನಗೆ ಹೇಳಿದರು:

"ಇವರಿಗೆ ಕೇಳು ಸುಮಾ. ಆ ಸಣ್ಣ ಹುಡುಗಿ, ಯೂಲಿ, ಅಕಿಗೆ ಏನ್ ಸೇರ್ತಿತ್ತು?"

"ಅತ್ತೆ! ಇಲ್ಲಿ ಊಟದ ಮಾತಾ?"

"ಮತ್ತೆಲ್ಲಿ ಕೇಳ್ಬೇಕು? ಅಕಿಗೆ ಮಕ್ಕಳಿಲ್ಲ ಮರಿಯಿಲ್ಲ, ಗೋರಿನೂ ಇಲ್ಲ. ಅಮಾಸಿಗೆ ನಾ ಒಂದು ಎಡಿ ಇಡ್ತೇನಿ. ಏನ್ ಮಾಡ್ಬೇಕು ಅಂತ ಗೊತ್ತಾಗ್ಬೇಕಲ್ಲ?"

ನಾನು ನಾಳೆ ಕೇಳೋಣ ಎಂದು ಗೊಣಗಿದೆ. ಆದರೆ ತಂಗಿಯ ಹೆಸರು ಮಾರ್ತಾರ ಕಿವಿಗೆ ಬಿದ್ದಿತ್ತು. "ಏನಂತಾರೆ ನಿಮ್ಮ ಅತ್ತೆ? ಯೂಲಿ ಅಂದರಲ್ಲ," ಎಂದು ಬಿಡದೆ ಕೇಳಿದರು. ನಾನು ಎಡೆಯ ವಿಷಯವನ್ನು ಆದಷ್ಟು ಮೆದುವಾಗಿ ವಿವರಿಸಿ, ಪ್ರಶ್ನೆಯನ್ನು ಅವರ ಮುಂದಿಟ್ಟೆ.

ಮಾರ್ತಾ ಬಾಯಿ ತೆರೆದರು. ಉತ್ತರ ಸಿದ್ಧವಾಗಿದೆ ಎನ್ನುವ ಹಾಗೆಯೇ ತೆರೆದರು. ಬಾಯಿ ಹಾಗೆಯೇ ನಿಂತಿತು. ಅವರ ಕಣ್ಣು ಒಂದು ಗೋರಿಯಿಂದ ಇನ್ನೊಂದಕ್ಕೆ ಓಡಾಡಿತು. "ಗೊತ್ತಿಲ್ಲ," ಎಂದರು. ಆಮೇಲೆ ತಮಗೇ ಹೇಳಿಕೊಳ್ಳುವ ಹಾಗೆ "ನನಗೆ ಗೊತ್ತಿಲ್ಲ," ಎಂದು ಇನ್ನೊಮ್ಮೆ ಅಂದು, ಕೋಲು ಊರುತ್ತಾ ಒಬ್ಬರೇ ಬಸ್ಸಿನ ಕಡೆ ಹೊರಟುಬಿಟ್ಟರು.

ಅವತ್ತು ಅವರು ಊಟಕ್ಕೆ ಬರಲಿಲ್ಲ. ಡ್ಯಾನ್ ನನ್ನ ಹತ್ತಿರ ಬಂದು "ನೀವು ಅವರಿಗೆ ಏನು ಕೇಳಿದಿರಿ? ಇಷ್ಟು ವರ್ಷದಲ್ಲಿ ಅವರು ಒಮ್ಮೆಯೂ ಹೀಗೆ ಮಾಡಿದ್ದಿಲ್ಲ," ಎಂದ. ಸಭ್ಯವಾಗಿಯೇ ಕೇಳಿದ, ಆದರೆ ನನಗೆ ಭೂಮಿ ಬಾಯಿಬಿಡಬಾರದೇ ಎನ್ನಿಸಿತು. ನನ್ನ ಸಿಟ್ಟೆಲ್ಲ ಹೋಟೆಲ್ ರೂಮಿನಲ್ಲಿ ಅತ್ತೆಯ ಮೇಲೆ ಹೊರಳಿತು. ಎಲ್ಲ ಕಡೆ ನಮ್ಮ ಮನೆಯ ಪದ್ಧತಿ ತಂದು ತುರುಕಬಾರದು, ಇವರ ನೋವು ನಮಗೆ ತಿಳಿಯುವಂಥದ್ದಲ್ಲ, ಇತ್ಯಾದಿ ಒಂದು ಭಾಷಣವನ್ನೇ ಬಿಗಿದೆ. ಅತ್ತೆ ಸೀರೆ ಮಡಿಸುತ್ತಾ ಪೂರ್ತಿ ಕೇಳಿದರು.

"ನಾ ತಪ್ಪೇನ್ ಕೇಳ್ದೆ? ಎಲ್ಲಾರೂ ಅಕಿ ಹೆಂಗ್ ಸತ್ಲು ಅಂತ ಕೇಳಾಕತ್ತಿದ್ರು," ಎಂದರು.

ಮಾತಿನಲ್ಲಿ ಸೋತ ಸೊಸೆಯಂದಿರು ಮಾಡುವ ಹಾಗೆ ನಾನೂ ಬಾತ್‌ರೂಮಿಗೆ ಹೋಗಿ ನಲ್ಲಿ ಜೋರಾಗಿ ಬಿಟ್ಟುಕೊಂಡೆ.

ಮರುದಿನ ಹ್ಯೂಸ್ಟನ್ ಕಡೆ ಹೊರಟ ಬಸ್ಸಿನಲ್ಲಿ ಮಾರ್ತಾ ಮೊದಲ ಸೀಟಿನಲ್ಲಿ ಪಕ್ಕಕ್ಕೆ ಚೀಲ ಇಟ್ಟುಕೊಂಡು ಕೂತಿದ್ದರು. ಯಾರೂ ಹತ್ತಿರ ಬರಬೇಡಿ ಎನ್ನುವ ಹಾಗಿತ್ತು ಆ ಚೀಲ. ಅರ್ಧ ದಾರಿಯಲ್ಲಿ ಪೆಟ್ರೋಲ್ ಬಂಕಿನ ಹತ್ತಿರ ಬಸ್ ನಿಂತಾಗ ಕೆಳಗಿಳಿದಿದ್ದ ಅವರ ಹತ್ತಿರ ನಾನು ಕ್ಷಮೆ ಕೇಳೋಣವೆಂದು ಹೋದೆ. ಅವರು ನನಗೆ ಮಾತಾಡಲು ಬಿಡಲಿಲ್ಲ.

"ನಿನ್ನ ಅತ್ತೆಯ ಮೇಲೆ ನನಗೆ ಸಿಟ್ಟಿಲ್ಲ. ನನ್ನ ಮೇಲೇ ಸಿಟ್ಟು. ಎಷ್ಟೋ ವರ್ಷದಿಂದ ಶಾಲೆಗಳಲ್ಲಿ, ಮಂದಿರಗಳಲ್ಲಿ ಯೂಲಿಯ ಹೆಸರು ಹೇಳ್ತಾ ಬಂದಿದ್ದೇನೆ. ನಿನ್ನೆ ಅವಳನ್ನ ಊಟದ ಮೇಜಿನ ಹತ್ತಿರ ಕೂರಿಸಿ ನೋಡೋಣ ಅಂದರೆ ಆಗ್ತಾನೇ ಇಲ್ಲ. ಆ ಪ್ಲಾಟ್‌ಫಾರ್ಮಿನ ಮೇಲೆ ಅಮ್ಮನ ಕೈ ಹಿಡಿದು ನಿಂತವಳು ಮಾತ್ರ ಕಾಣ್ತಾಳೆ. ಅವಳ ಜೊತೆ ಕೂತು ಊಟ ಮಾಡಿದವರಲ್ಲಿ ಇವತ್ತು ಬದುಕಿರೋಳು ನಾನೊಬ್ಬಳೇ. ನನಗೆ ನೆನಪಾಗಲಿಲ್ಲ ಅಂದರೆ ಇನ್ನು ಯಾರಿಗೂ ಗೊತ್ತಿರಲ್ಲ. ನಾನು ಹೋದ ಮೇಲೆ ಅವಳು ಬರೀ ಸತ್ತ ಹುಡುಗಿ."

ಅವರು ಕರವಸ್ತ್ರದಿಂದ ಕಣ್ಣೊರೆಸಿಕೊಂಡರು. ನನಗೆ ಆಗ ಅಳು ಬಂತು. ಪೆಟ್ರೋಲ್ ಬಂಕಿನ ಮುಂದೆ, ಸುಡುವ ಬಿಸಿಲಿನಲ್ಲಿ, ಕೈಯಲ್ಲಿ ಚಿಪ್ಸ್ ಪ್ಯಾಕೆಟ್ ಹಿಡಿದುಕೊಂಡು ಅತ್ತೆ. ಅತ್ತೆ ಅಂದರೆ ಅಳು ಬಂದು ಅತ್ತೆ, ನಮ್ಮ ಅತ್ತೆಯಲ್ಲ. ನಮ್ಮ ಅತ್ತೆ ಅಳಲಿಲ್ಲ. ನಾನು ಎಲ್ಲವನ್ನೂ ಹೇಳಿದ ಮೇಲೆ, ಬಸ್ ಮತ್ತೆ ಹೊರಡುವಾಗ, ಮಾರ್ತಾರ ಚೀಲವನ್ನು ಎತ್ತಿ ಹಿಂದಿನ ಸೀಟಿನಲ್ಲಿದ್ದ ನನ್ನ ತೊಡೆಯ ಮೇಲಿಟ್ಟು ಆ ಸೀಟಿನಲ್ಲಿ ತಾವು ಕೂತರು.

"ಅಳೂದು ಬಿಟ್ಟು ನಾ ಕೇಳಿದ್ದಕ್ಕ ಹೇಳ್ರಿ. ನಿಮ್ಮ ಮನ್ಯಾಗ ಊಟಕ್ಕ ಯಾರ್ ಎಲ್ಲಿ ಕೂಡ್ತಿದ್ರು?"

ಹ್ಯೂಸ್ಟನ್ ತಲುಪುವವರೆಗೆ ನಾನು ಹಿಂದಿನ ಸೀಟಿನಿಂದ ಕತ್ತು ಚಾಚಿ ಅನುವಾದ ಮಾಡಿದೆ. ಊರಲ್ಲಿ ಯಾರದಾದರೂ ರುಚಿ ಮರೆತುಹೋದರೆ ಹೀಗೆಯೇ ಕೆದಕುವುದಂತೆ. ಒಲೆ ಎಲ್ಲಿತ್ತು, ಹಬ್ಬಕ್ಕೆ ಅಮ್ಮ ಏನು ಮಾಡುತ್ತಿದ್ದರು, ನೀರಿನ ಹೂಜಿ ಯಾವ ಬಣ್ಣದ್ದು, ಉಪ್ಪು ಯಾರ ಕೈಗೆ ಹತ್ತಿರ. ಮಾರ್ತಾರಿಗೆ ಒಲೆ ನೆನಪಿತ್ತು. ಅಪ್ಪ ಬೆಲ್ಟ್ ಸಡಿಲ ಮಾಡಿಕೊಂಡು ಕೂರುತ್ತಿದ್ದುದು ನೆನಪಾಯಿತು. ತಂಗಿಯ ಕುರ್ಚಿ ಮಾತ್ರ ಖಾಲಿಯೇ ಉಳಿಯಿತು. ಕೊನೆಗೆ ಅತ್ತೆ "ಸೇರ್ತಿದ್ದದ್ದು ನೆಪ್ಪಾಗ್ಲಿಲ್ಲಂದ್ರ, ಸೇರಲಾರದ್ದು ಏನ್ ಅಂತ ನೋಡ್ರಿ. ಸಣ್ಣ ಹುಡುಗ್ರು ಒಲ್ಲೆ ಅಂತ ಹಟ ಮಾಡಿದ್ದು ಹೆಚ್ಚಿಗೆ ನೆಪ್ಪಿರ್ತೈತಿ," ಎಂದರು. ಮಾರ್ತಾ ಕಣ್ಣು ಮುಚ್ಚಿ ಯೋಚಿಸಿದರು. ಇಲ್ಲ ಎಂದು ತಲೆಯಾಡಿಸಿದರು.

ಹ್ಯೂಸ್ಟನ್ನಿನ ಮ್ಯೂಸಿಯಮ್ಮಿನಲ್ಲಿ ಆ ಕಾಲದ ಒಂದು ರೈಲು ಡಬ್ಬಿಯನ್ನು ತಂದು ನಿಲ್ಲಿಸಿದ್ದಾರೆ. ಎಲ್ಲರೂ ಸಾಲಾಗಿ ಒಳಗೆ ಹೋಗಿ ಬಂದರು. ಮಾರ್ತಾ ಹೋಗಲಿಲ್ಲ, ಯಾವತ್ತೂ ಹೋಗುವುದಿಲ್ಲವಂತೆ. ಅತ್ತೆಯೂ ಹೋಗದೆ ಅವರ ಪಕ್ಕ ಹೊರಗೆ ನಿಂತರು. ನಾನು ಒಳಗೆ ಹೋದೆ. ಕತ್ತಲೆಯಿತ್ತು, ಹಳೆಯ ಮರದ ವಾಸನೆಯಿತ್ತು. ಎರಡು ನಿಮಿಷಕ್ಕಿಂತ ಹೆಚ್ಚು ನಿಲ್ಲಲು ಆಗಲಿಲ್ಲ.

ಮಧ್ಯಾಹ್ನ ಒಂದು ಮಂದಿರದ ಸಭಾಂಗಣದಲ್ಲಿ ಊಟ. ಉದ್ದದ ಮೇಜು, ಎಲ್ಲರಿಗೂ ಕಾಗದದ ಡಬ್ಬಿಯಲ್ಲಿ ಚೀಸ್ ಸ್ಯಾಂಡ್‌ವಿಚ್. ನಮ್ಮೆದುರು ಮಾರ್ತಾ. ಅವರು ಡಬ್ಬಿ ತೆರೆದಿರಲಿಲ್ಲ. ಅತ್ತೆ ತಮ್ಮ ಸ್ಯಾಂಡ್‌ವಿಚ್ಚಿನ ಕಂದು ಬಣ್ಣದ ಬ್ರೆಡ್ಡನ್ನು ಬೆಳಕಿಗೆ ಹಿಡಿದು ಸಂತೋಷಪಟ್ಟರು.

"ನೋಡ ಸುಮಾ, ಜೀರಗಿ ಹಾಕ್ಯಾರ!"

ಒಂದು ತುತ್ತು ಕಚ್ಚಿದ ಮೇಲೆ ಆ ಸಂತೋಷ ಉಳಿಯಲಿಲ್ಲ. ಅದು ಜೀರಿಗೆಯಲ್ಲ, ಜೀರಿಗೆಯ ದಾಯಾದಿ. ಇಲ್ಲಿಯವರು ಅದನ್ನು ಕ್ಯಾರವೇ ಎನ್ನುತ್ತಾರೆ. ನೋಡುವುದಕ್ಕೆ ನಮ್ಮದೇ ಜೀರಿಗೆ, ಬಾಯಿಗಿಟ್ಟರೆ ಕಷಾಯದ ನೆನಪು. "ಇದೇನ್ ಬ್ಯಾರೇನs ಐತಿ," ಎಂದು ಅತ್ತೆ ಮುಖ ಕಿವುಚಿ, ಉಗುರಿನ ತುದಿಯಿಂದ ಒಂದು ಕಾಳನ್ನು ಕೆದಕಿ ತೆಗೆದು ಮೂಸಿದರು. ಇನ್ನೊಂದನ್ನು ಕೆದಕಿದರು. ಬ್ರೆಡ್ಡು ಬಿಸಾಡುವ ಜಾತಿಯಲ್ಲವಲ್ಲ ಅವರದು, ಒಂದೊಂದೇ ಕಾಳು ಹೆಕ್ಕಿ ಡಬ್ಬಿಯ ಅಂಚಿನ ಮೇಲೆ ಸಾಲಾಗಿ ಇಡತೊಡಗಿದರು.

ಮಾರ್ತಾ ಆ ಉಗುರನ್ನೇ ನೋಡುತ್ತಿದ್ದರು. ಇದ್ದಕ್ಕಿದ್ದ ಹಾಗೆ ಮೇಜಿನ ಮೇಲೆ ಅಂಗೈ ಬಡಿದರು. ಪಕ್ಕದವರ ನೀರಿನ ಲೋಟ ಅಲುಗಾಡಿತು.

"ಮೇಜಿನ ಕೆಳಗೆ ಅಂಟಿಸ್ತಿದ್ದಳು!" ಎಂದರು. "ಈ ಕಾಳು ಅವಳಿಗೆ ಸೇರ್ತಿರಲಿಲ್ಲ. ಒಂದೊಂದೇ ಹೆಕ್ಕಿ, ಎಂಜಲು ಹಚ್ಚಿ, ಮೇಜಿನ ಅಡಿಗೆ ಅಂಟಿಸ್ತಿದ್ದಳು! ಹಬ್ಬಕ್ಕೆ ಮೇಜು ತಿರುಗಿಸಿ ಉಜ್ಜುವಾಗ ಅಮ್ಮನಿಗೆ ಸಿಕ್ಕಿತು. ಅವಳು ನನ್ನ ಕಡೆ ಬೆರಳು ತೋರಿಸಿದಳು. ಏಟು ನನಗೆ ಬಿತ್ತು. ನನಗೆ! ಅವಳು ಒಲೆಯ ಹಿಂದೆ ನಿಂತುಕೊಂಡು ನಗ್ತಾ ಇದ್ದಳು, ಮುಂದಿನ ಹಲ್ಲು ಬಿದ್ದಿತ್ತು ಆ ಕಳ್ಳಿಗೆ."

ಅವರು ನಗುತ್ತಿದ್ದರು. ಕಣ್ಣಿಂದ ನೀರು ಧಾರಾಕಾರ ಇಳಿಯುತ್ತಿತ್ತು. ಡ್ಯಾನ್ ಗಾಬರಿಯಿಂದ ಓಡಿ ಬಂದ. ನಾನು ಅನುವಾದ ಮಾಡುವುದನ್ನೇ ಮರೆತಿದ್ದೆ. ಅತ್ತೆಗೆ ಅದರ ಅವಶ್ಯಕತೆ ಬಿದ್ದಂತೆಯೂ ಇರಲಿಲ್ಲ. ಡಬ್ಬಿಯ ಅಂಚಿನ ಕಾಳುಗಳನ್ನು ಅಂಗೈಗೆ ಸವರಿಕೊಂಡು "ಒಟ್ಟs ಸೇರ್ತಿದ್ದಿಲ್ಲೇನು ಅಕಿಗೆ?" ಎಂದು ಗದಗಿನ ಕನ್ನಡದಲ್ಲೇ ಕೇಳಿದರು. ಮಾರ್ತಾ ಇಂಗ್ಲಿಷಿನಲ್ಲಿ "ಒಂಚೂರೂ ಇಲ್ಲ," ಎಂದರು. ಮತ್ತೆ ಇಬ್ಬರೂ ನಕ್ಕರು.

ಅಮಾವಾಸ್ಯೆಯ ದಿನ ನಮ್ಮ ಮನೆಯಲ್ಲಿ ಮಾವನವರ ಶೇಂಗಾ ಹೋಳಿಗೆಯ ಪಕ್ಕದಲ್ಲಿ ಒಂದು ಬ್ರೆಡ್ಡಿನ ಹೋಳೂ ಇತ್ತು. ಕಾಳಿಲ್ಲದ ಬ್ರೆಡ್ಡು ಅಂಗಡಿಯಲ್ಲಿ ಬೇಕಾದಷ್ಟು ಸಿಗುತ್ತದೆ ಎಂದು ನಮ್ಮವರು ಹೇಳಿದರು. ಅತ್ತೆ ಕೇಳಲಿಲ್ಲ. ಕಾಳಿದ್ದದ್ದನ್ನೇ ತರಿಸಿ, ಬೆಳಗ್ಗೆ ಮಡಿಯುಟ್ಟು ಕೂತು ಹೆಕ್ಕಿದರು. ಚಿಕ್ಕ ಹುಡುಗಿ, ಅಕ್ಕನನ್ನು ಬಿಟ್ಟು ಒಬ್ಬಳೇ ಬರುತ್ತಾಳೆ, ಹೆಕ್ಕಿಕೊಡಲು ಅಲ್ಲಿ ಯಾರಿರುತ್ತಾರೆ ಎನ್ನುವುದು ಅವರ ವಾದ. ಚಳಿ ಶುರುವಾಗುವ ಮೊದಲು ಅವರು ಗದಗಿಗೆ ವಾಪಸಾದರು.

ಮುಂದಿನ ವಸಂತದಲ್ಲಿ ಮೇಘನಾಳ ಶಾಲೆಯವರು ಮಕ್ಕಳನ್ನು ಡಾಲಸ್ಸಿನ ಅದೇ ಮ್ಯೂಸಿಯಮ್ಮಿಗೆ ಕರೆದೊಯ್ದರು. ಜೊತೆಗೆ ಬರಲು ಕೆಲವು ತಾಯಂದಿರು ಬೇಕೆಂದರು. ನಾನು ಆಫೀಸಿಗೆ ರಜೆ ಹಾಕಿ ಹೊರಟೆ. ಮಕ್ಕಳು ನೆಲದ ಮೇಲೆ ಚಕ್ಕಂಬಕ್ಕಳ ಹಾಕಿ ಕೂತಿದ್ದರು. ಮಾರ್ತಾ ಕುರ್ಚಿಯಲ್ಲಿ ಕೂತು ಅದೇ ಬಟ್ಟೆ ಅಂಗಡಿ, ಅದೇ ಪೊಲೀಸರು, ಅದೇ ರೈಲಿನ ಕಥೆಯನ್ನು ಅದೇ ಪದಗಳಲ್ಲಿ ಹೇಳುತ್ತಾ ಬಂದರು. ಮುಂದಿನ ಸಾಲು ಯಾವುದೆಂದು ನನಗೂ ಬಾಯಿಗೆ ಬರುತ್ತಿತ್ತು. ಮಕ್ಕಳು ತಲೆ ಬಗ್ಗಿಸಿಕೊಂಡು ತಮ್ಮ ಶೂ ದಾರ ನೋಡುತ್ತಿದ್ದರು. ಇಂಥ ಕಡೆ ಹೇಗೆ ಕೂರಬೇಕು ಎಂದು ಅವರಿಗೆ ಮೊದಲೇ ಹೇಳಿ ತಂದಿದ್ದರು.

"ನನ್ನ ತಂಗಿ ಯೂಲಿಗೆ ಎಂಟು ವರ್ಷ," ಎಂದರು ಮಾರ್ತಾ. ಅಲ್ಲಿ ನಿಂತರು. "ಬ್ರೆಡ್ಡಿನಲ್ಲಿ ಕ್ಯಾರವೇ ಕಾಳು ಇದ್ದರೆ ಅವಳಿಗೆ ಆಗುತ್ತಿರಲಿಲ್ಲ. ಹೆಕ್ಕಿ, ಎಂಜಲು ಹಚ್ಚಿ ಮೇಜಿನ ಅಡಿಗೆ ಅಂಟಿಸುತ್ತಿದ್ದಳು. ಸಿಕ್ಕಿಬಿದ್ದಾಗ ನಾನು ಮಾಡಿದ್ದು ಅಂತ ಅಮ್ಮನಿಗೆ ಚಾಡಿ ಹೇಳಿದಳು."

ಮಕ್ಕಳ ಮಧ್ಯದಿಂದ ಒಬ್ಬ ಹುಡುಗಿ ಫಕ್ಕನೆ ನಕ್ಕಳು. "ನನ್ನ ತಮ್ಮ ಬಟಾಣಿಗೆ ಹೀಗೇ ಮಾಡೋದು!" ಎಂದು ಬಾಯಿ ತಪ್ಪಿ ಜೋರಾಗಿಯೇ ಅಂದುಬಿಟ್ಟಳು. ಪಕ್ಕದವರು ನಕ್ಕರು, ಅವರ ಪಕ್ಕದವರು ನಕ್ಕರು, ನನ್ನ ಮಗಳೂ ನಕ್ಕಳು. ಟೀಚರ್ ಕೆಂಪು ಮುಖ ಮಾಡಿಕೊಂಡು ಎದ್ದು ನಿಂತು ಶ್ ಎಂದರು.

ಮಾರ್ತಾ ಕೈಯೆತ್ತಿ ಅವರನ್ನು ತಡೆದರು.

"ಬೇಡ, ನಗಲಿ ಬಿಡಿ," ಎಂದರು. "ಇಷ್ಟು ವರ್ಷ ಅವಳ ಹೆಸರು ಹೇಳಿದಾಗಲೆಲ್ಲ ಮಕ್ಕಳು ತಲೆ ತಗ್ಗಿಸಿದ್ದನ್ನೇ ನೋಡಿದ್ದೇನೆ. ಪಾಪ, ಅವಳಿಗಿನ್ನೂ ಎಂಟು ವರ್ಷ."